ಮಂಜಿನ ನಾಡಿನ ಬಣ್ಣಗಾರರು

ನಮ್ಮ ಮಾತಿನಲ್ಲಿ ಬಣ್ಣಕ್ಕೆ ಅಷ್ಟೇನೂ ಒಳ್ಳೆಯ ಹೆಸರಿಲ್ಲ. ಹುರುಳಿಲ್ಲದ ಮಾತನ್ನು ನಾವು ಬಣ್ಣದ ಮಾತು ಎನ್ನುತ್ತೇವೆ. ಇಲ್ಲದ್ದನ್ನು ಸೇರಿಸಿ ಹೇಳಿದವನು ಬಣ್ಣ ಕಟ್ಟಿದ ಎನ್ನುತ್ತೇವೆ. ವಂಚಕ ಸಿಕ್ಕಿಬಿದ್ದರೆ ಅವನ ಬಣ್ಣ ಬಯಲಾಯಿತು. ಬಣ್ಣವೆಂದರೆ ಮೇಲಿನ ಲೇಪ, ಅದನ್ನು ಕೆರೆದು ತೆಗೆದರೆ ಸಿಗುವುದೇ ನಿಜ ಎಂಬ ನಂಬಿಕೆ ಈ ಎಲ್ಲ ಮಾತುಗಳ ಹಿಂದಿದೆ. ಆದರೆ ಕಂಡದ್ದನ್ನು ಕಂಡಂತೆ ವಿವರಿಸುವುದಕ್ಕೆ ನಮ್ಮ ಭಾಷೆಯಲ್ಲಿರುವ ಪದವೂ ಬಣ್ಣನೆಯೇ. ಬಣ್ಣವು ಸುಳ್ಳಿನ ಗುರುತೋ ಅಥವಾ ತಿಳಿವಿನ ದಾರಿಯೋ? ಕನ್ನಡದ ಮಟ್ಟಿಗೆ ಇದಿನ್ನೂ ತೀರ್ಮಾನವಾಗದ ಪ್ರಶ್ನೆ.

ಯುರೋಪಿನ ಕಲಾಲೋಕವೂ ಈ ಪ್ರಶ್ನೆಯನ್ನು ಕೆಲವು ಶತಮಾನ ಕಾಲ ಎಳೆದಾಡಿತು. ಇಪ್ಪತ್ತನೇ ಶತಮಾನದ ಆರಂಭದಲ್ಲಿ ಸ್ಕಾಟ್ಲೆಂಡಿನ ನಾಲ್ವರು ಚಿತ್ರಕಾರರು ಇದಕ್ಕೆ ತಮ್ಮದೇ ಉತ್ತರ ಕೊಟ್ಟರು. ಸ್ಯಾಮ್ಯುಯೆಲ್ ಜಾನ್ ಪೆಪ್ಲೊ (1871-1935), ಜಾನ್ ಡಂಕನ್ ಫರ್ಗ್ಯುಸನ್ (1874-1961), ಜಾರ್ಜ್ ಲೆಸ್ಲಿ ಹಂಟರ್ (1877-1931) ಮತ್ತು ಫ್ರಾನ್ಸಿಸ್ ಕ್ಯಾಡೆಲ್ (1883-1937). ಇಂದು ಇವರನ್ನು ಒಟ್ಟಾಗಿ ‘ಸ್ಕಾಟಿಶ್ ಕಲರಿಸ್ಟರು’ ಎಂದು ಕರೆಯುತ್ತಾರೆ. ವರ್ಷದ ಬಹುಪಾಲು ಮಳೆ, ಮಂಜು, ಬೂದು ಆಕಾಶ ಕಾಣುವ ನಾಡಿನಿಂದ ಇಂಥ ಬಣ್ಣ ಹೇಗೆ ಬಂತು? ಅದನ್ನು ಅವರು ಯಾರಿಂದ ಪಡೆದರು? ಈ ಪ್ರಶ್ನೆಗಳ ಬೆನ್ನು ಹತ್ತಿದರೆ ಕಲೆಯ ಇತಿಹಾಸದ ಜೊತೆಗೆ ಇನ್ನೂ ಕೆಲವು ಸಂಗತಿಗಳು ನಮಗೆ ಎದುರಾಗುತ್ತವೆ.

ರೇಖೆ ಮೇಲು, ಬಣ್ಣ ಕೀಳು

ಹದಿನೇಳನೇ ಶತಮಾನದ ಫ್ರೆಂಚ್ ಅಕಾಡೆಮಿಯಲ್ಲಿ ದೊಡ್ಡದೊಂದು ಜಗಳ ನಡೆಯಿತು. ಚಿತ್ರಕ್ಕೆ ಪ್ರಾಣ ಕೊಡುವುದು ರೇಖೆಯೋ ಬಣ್ಣವೋ ಎಂಬುದು ವಿಷಯ. ರೇಖೆಯ ಪಕ್ಷದವರು ಪೂಸ್ಯಾನ ಹೆಸರು ಹಿಡಿದರು, ಬಣ್ಣದ ಪಕ್ಷದವರು ರೂಬೆನ್ಸನ ಹೆಸರು ಹಿಡಿದರು. ರೇಖೆ ಬುದ್ಧಿಗೆ ಸೇರಿದ್ದು, ಬಣ್ಣ ಬರೀ ಕಣ್ಣಿನ ಸುಖ ಎಂಬುದು ಮೊದಲ ಪಕ್ಷದವರ ವಾದ. ಎರಡು ಶತಮಾನಗಳ ನಂತರ, 1867ರಲ್ಲಿ, ಶಾರ್ಲ್ ಬ್ಲಾಂ ಎಂಬ ಫ್ರೆಂಚ್ ವಿದ್ವಾಂಸ ಅದನ್ನೇ ಇನ್ನೊಂದು ರೀತಿಯಲ್ಲಿ ಹೇಳಿದ: ರೇಖೆ ಕಲೆಯ ಗಂಡು, ಬಣ್ಣ ಕಲೆಯ ಹೆಣ್ಣು, ಹೆಣ್ಣು ಗಂಡಿನ ಅಧೀನದಲ್ಲಿರಬೇಕು, ಇಲ್ಲದಿದ್ದರೆ ಕಲೆ ಕೆಡುತ್ತದೆ. ಈ ಮೇಲು ಕೀಳಿನ ಪಟ್ಟಿಯಲ್ಲಿ ಹೆಣ್ಣಿನ ಪಕ್ಕದಲ್ಲೇ ಇನ್ನೊಂದು ಹೆಸರೂ ಇತ್ತು. ಅದು ಪೂರ್ವದೇಶ. ಬಣ್ಣವೆಂದರೆ ಪೌರ್ವಾತ್ಯರ ಸೊತ್ತು, ಅವರು ಅಲಂಕಾರದಲ್ಲಿ ನಿಪುಣರು, ಆಲೋಚನೆ ಮಾತ್ರ ನಮ್ಮದು ಎಂಬ ಧೋರಣೆ ಹತ್ತೊಂಬತ್ತನೇ ಶತಮಾನದ ಯುರೋಪಿನಲ್ಲಿ ಸಾಮಾನ್ಯವಾಗಿತ್ತು. ಪರ್ಷಿಯಾದ ರತ್ನಗಂಬಳಿ, ತುರ್ಕಿಯ ಪಿಂಗಾಣಿ, ಮೊರಾಕ್ಕೋದ ಗೋಡೆಯ ಬಿಲ್ಲೆಗಳು ಇವೆಲ್ಲ ಕಲೆಯ ಪಂಕ್ತಿಯಲ್ಲಿ ಕೂರದೆ ಕುಸುರಿಯ ಸಾಲಿನಲ್ಲೇ ಉಳಿದುದಕ್ಕೆ ಇದೂ ಒಂದು ಕಾರಣ.

ಸ್ಕಾಟ್ಲೆಂಡಿನಲ್ಲಿ ಇದರ ಜೊತೆಗೆ ಧರ್ಮದ ಇತಿಹಾಸವೂ ಸೇರಿಕೊಂಡಿತ್ತು. 1560ರ ಸುಧಾರಣೆಯ ನಂತರ ಅಲ್ಲಿನ ಚರ್ಚುಗಳಿಂದ ವಿಗ್ರಹ, ಚಿತ್ರಗಳನ್ನು ತೆಗೆಯಲಾಯಿತು. ಕ್ಯಾಲ್ವಿನನ ಅನುಯಾಯಿಗಳಿಗೆ ದೇವರ ಮನೆ ಸರಳವಾಗಿರಬೇಕಿತ್ತು. ವಿಗ್ರಹವನ್ನು ಒಪ್ಪದ ಧರ್ಮ ಬಣ್ಣವನ್ನೂ ಒಪ್ಪದು ಎಂದು ಯಾರಾದರೂ ಇದರಿಂದ ತೀರ್ಮಾನಿಸಿದರೆ ಅವರು ಇಸ್ಫಹಾನಿನ ಮಸೀದಿಗಳ ನೀಲಿಯನ್ನು ಒಮ್ಮೆ ನೋಡಬೇಕು. ಅಲ್ಲಿ ಮೂರ್ತಿಗೆ ಎಡೆಯಿಲ್ಲದ ಜಾಗವನ್ನು ಬಣ್ಣ ಮತ್ತು ಅಕ್ಷರಗಳೇ ತುಂಬಿದವು. ಸ್ಕಾಟ್ಲೆಂಡಿನ ಪ್ರಾರ್ಥನಾ ಮಂದಿರಗಳಲ್ಲಿ ಆ ಜಾಗ ಬಹುಮಟ್ಟಿಗೆ ಬರಿದಾಗಿ ಉಳಿಯಿತು. ಹಾಗೆಂದು ಆ ಜನರ ಕಣ್ಣಿನಿಂದ ಬಣ್ಣ ಅಳಿದುಹೋಗಿತ್ತೆನ್ನಲಾಗದು. 1600ರ ಹೊತ್ತಿಗೆ ಕ್ರೇಥಿಸ್ ಕೋಟೆಯ ಮರದ ಚಾವಣಿಗಳ ಮೇಲೆ ಗಾಢ ಬಣ್ಣದ ಚಿತ್ರಗಳನ್ನು ಬರೆಯಲಾಗಿತ್ತು. ಹಳ್ಳಿಗರ ಚೌಕಳಿ ಬಟ್ಟೆಯಲ್ಲೂ ಬಣ್ಣ ಉಳಿದಿತ್ತು. ಆದರೆ ಹತ್ತೊಂಬತ್ತನೇ ಶತಮಾನದ ಎಡಿನ್‌ಬರೋದಲ್ಲಿ ಗಂಭೀರ ಚಿತ್ರವೆಂದರೆ ಕಂದು ಮತ್ತು ಕಪ್ಪು ಛಾಯೆಗಳ ಚಿತ್ರವೆಂದೇ ಹಲವರ ಎಣಿಕೆ.

ಕೈರೋದಿಂದ ಬಂದ ಬೆಳಕು

ಈ ಎಣಿಕೆಯನ್ನು ಮೊದಲು ಅಲುಗಾಡಿಸಿದವರಲ್ಲಿ ಆರ್ಥರ್ ಮೆಲ್ವಿಲ್ (1855-1904) ಮುಖ್ಯನಾದವನು. ಆಂಗಸ್ ಪ್ರಾಂತದಲ್ಲಿ ಹುಟ್ಟಿದ ಇವನು 1880ರಲ್ಲಿ ಈಜಿಪ್ಟಿಗೆ ಹೋದ. ಕೈರೋದ ಬಜಾರುಗಳನ್ನು, ಮರದ ಜಾಲಂಧ್ರಗಳಿಂದ ಸೋಸಿ ಬರುವ ಬೆಳಕನ್ನು ಜಲವರ್ಣದಲ್ಲಿ ಬರೆದ. ಅಲ್ಲಿಂದ ಏಡನ್, ಕರಾಚಿಗಳ ದಾರಿಯಾಗಿ ಪರ್ಷಿಯನ್ ಕೊಲ್ಲಿಯನ್ನು ಹಾದು ಬಾಗ್ದಾದ್ ತಲುಪಿದ. ಅವನ ಕೆಲಸದ ವಿಧಾನ ವಿಶಿಷ್ಟವಾಗಿತ್ತು. ಕಾಗದವನ್ನು ಬಿಳಿ ವರ್ಣದಲ್ಲಿ ನೆನೆಸಿ, ಅದು ಒದ್ದೆಯಾಗಿರುವಾಗಲೇ ಬಣ್ಣದ ಬೊಟ್ಟುಗಳನ್ನು ಇಡುತ್ತಿದ್ದ. ಬೊಟ್ಟು ಎಲ್ಲಿ ಬೀಳಬೇಕೆಂದು ತಿಳಿಯಲು ಚಿತ್ರದ ಮೇಲೆ ಗಾಜು ಹಿಡಿದು, ಆ ಗಾಜಿನ ಮೇಲೆ ಬಣ್ಣವಿಟ್ಟು ಪರೀಕ್ಷಿಸುತ್ತಿದ್ದ. ದೂರದಿಂದ ನೋಡಿದರೆ ಜನಜಂಗುಳಿ, ಹತ್ತಿರ ಹೋದರೆ ಬರೀ ಬಣ್ಣದ ಕಲೆಗಳು. ಬೆಳಕನ್ನು ತೋರಿಸಲು ರೇಖೆಯ ಹಂಗು ಬೇಕಿಲ್ಲವೆಂಬುದನ್ನು ಅವನು ಕೈರೋದ ಬೀದಿಗಳಲ್ಲಿ ಕಲಿತ.

ಇಲ್ಲಿ ಇತಿಹಾಸದ ಇನ್ನೊಂದು ಪುಟವನ್ನೂ ನಾವು ತೆರೆದಿಡಬೇಕು. 1882ರ ಸೆಪ್ಟೆಂಬರಿನಲ್ಲಿ ಬ್ರಿಟಿಷ್ ಸೇನೆ ತೆಲ್ ಎಲ್ ಕಬೀರ್‌ನಲ್ಲಿ ಈಜಿಪ್ಟಿನ ಸೈನ್ಯವನ್ನು ಸೋಲಿಸಿ ದೇಶವನ್ನು ವಶಪಡಿಸಿಕೊಂಡಿತು. ಆ ದಾಳಿಯ ಮುಂಚೂಣಿಯಲ್ಲಿ ಸ್ಕಾಟ್ಲೆಂಡಿನ ಹೈಲ್ಯಾಂಡ್ ದಳಗಳಿದ್ದವು. ಒಂದೇ ನಾಡಿನಿಂದ ಎರಡೇ ವರ್ಷಗಳ ಅಂತರದಲ್ಲಿ ಕುಂಚವೂ ಬಂದೂಕೂ ಅಲ್ಲಿಗೆ ಹೋದವು. ಮೆಲ್ವಿಲ್ ಸೈನಿಕನಲ್ಲ ನಿಜ. ಆದರೆ ಅವನಿಗೆ ದಾರಿ ಸಲೀಸಾದದ್ದು ಸಾಮ್ರಾಜ್ಯದ ಹಡಗು ಮತ್ತು ಬಂದರುಗಳಿಂದ. ಎಡ್ವರ್ಡ್ ಸಯೀದ್ 1978ರಲ್ಲಿ ಎತ್ತಿದ ಪ್ರಶ್ನೆಗಳನ್ನು ಈ ಚಿತ್ರಗಳ ಮುಂದೆಯೂ ಎತ್ತಬೇಕಾಗುತ್ತದೆ. ಅವುಗಳಲ್ಲಿ ಅರಬರು ಬಣ್ಣವಾಗಿ ಕಾಣುತ್ತಾರೆ, ಹೆಸರಿರುವ ಮನುಷ್ಯರಾಗಿ ಕಾಣುವುದು ಅಪರೂಪ.

ಆದರೂ ಮೆಲ್ವಿಲ್ ತೆರೆದ ಕಿಟಕಿ ಮುಚ್ಚಲಿಲ್ಲ. ಕ್ಯಾಡೆಲ್ ಕುಟುಂಬಕ್ಕೆ ಅವನು ಸ್ನೇಹಿತ. ಹದಿನಾರರ ಹುಡುಗ ಫ್ರಾನ್ಸಿಸ್‌ನನ್ನು ಪ್ಯಾರಿಸ್ಸಿಗೆ ಕಳಿಸುವಂತೆ ಸಲಹೆ ಕೊಟ್ಟವನು ಅವನೇ. ಲೀತ್ ಬಂದರಿನಲ್ಲಿ ಹುಟ್ಟಿ, ವೈದ್ಯನಾಗಲು ಹೊರಟು, ಅದನ್ನು ಬಿಟ್ಟು ಕುಂಚ ಹಿಡಿದ ಫರ್ಗ್ಯುಸನ್ ಕೂಡ ಅವನ ಚಿತ್ರಗಳನ್ನು ಮೆಚ್ಚಿ 1899ರಲ್ಲಿ ಮೊರಾಕ್ಕೋಗೆ ಹೋದ.

ನೆರೆಹೊರೆಯ ನಿಯಮ

ಬಣ್ಣದ ಬಗ್ಗೆ ಹೊಸ ತಿಳಿವು ಬಂದದ್ದು ಚಿತ್ರಕಾರರಿಂದಷ್ಟೇ ಅಲ್ಲ, ನೇಕಾರರಿಂದಲೂ. ಪ್ಯಾರಿಸ್ಸಿನ ಗೋಬ್ಲಾಂ ನೇಯ್ಗೆ ಕಾರ್ಖಾನೆಯ ಬಣ್ಣದ ವಿಭಾಗಕ್ಕೆ ಶೆವ್ರಲ್ ಎಂಬ ರಸಾಯನ ವಿಜ್ಞಾನಿ ಮುಖ್ಯಸ್ಥನಾಗಿದ್ದ. ಕಪ್ಪು ನೂಲು ಮಂಕಾಗಿ ಕಾಣುತ್ತದೆಂದು ಅವನಿಗೆ ದೂರು ಬಂತು. ಪರೀಕ್ಷಿಸಿದರೆ ನೂಲಿನಲ್ಲಿ ಯಾವ ದೋಷವೂ ಇರಲಿಲ್ಲ. ನೀಲಿ, ನೇರಳೆಗಳ ಪಕ್ಕದಲ್ಲಿ ನೇಯ್ದಾಗ ಮಾತ್ರ ಆ ಕಪ್ಪು ಸೊರಗುತ್ತಿತ್ತು. ಒಂದು ಬಣ್ಣ ಹೇಗೆ ಕಾಣುತ್ತದೆ ಎಂಬುದನ್ನು ಅದರ ನೆರೆಯ ಬಣ್ಣವೂ ನಿರ್ಧರಿಸುತ್ತದೆ ಎಂದು ಅವನು 1839ರಲ್ಲಿ ಗ್ರಂಥ ಬರೆದು ತೋರಿಸಿದ. ಕೆಂಪಿನ ಪಕ್ಕದಲ್ಲಿ ಹಸಿರಿಟ್ಟರೆ ಎರಡೂ ಉಜ್ವಲವಾಗುತ್ತವೆ. ಅವೆರಡನ್ನೂ ಕಲಸಿದರೆ ಸಿಗುವುದು ರಾಡಿ. ರತ್ನಗಂಬಳಿ ನೇಯುವವರಿಗೆ ಕೈರೂಢಿಯಿಂದ ಗೊತ್ತಿದ್ದ ಈ ಗುಟ್ಟನ್ನು ಯುರೋಪಿನ ಚಿತ್ರಕಾರರು ವಿಜ್ಞಾನದ ಬಾಯಿಂದ ಕೇಳಿದರು.

1905ರ ಶರತ್ಕಾಲದಲ್ಲಿ ಪ್ಯಾರಿಸ್ಸಿನ ಪ್ರದರ್ಶನವೊಂದರಲ್ಲಿ ಮತೀಸ್, ದೆರೇನ್ ಮತ್ತು ಗೆಳೆಯರು ಕಲಸದ, ಹಸಿ ಬಣ್ಣಗಳ ಚಿತ್ರಗಳನ್ನಿಟ್ಟರು. ವಿಮರ್ಶಕ ವೋಸೆಲ್ ಅವರನ್ನು ‘ಕಾಡುಮೃಗಗಳು’ ಎಂದು ಕರೆದ. ಬೈಗುಳವೇ ಪಂಥದ ಹೆಸರಾಯಿತು. 1910ರಲ್ಲಿ ಮ್ಯೂನಿಕ್ ನಗರದಲ್ಲಿ ಇಸ್ಲಾಮೀ ಕಲೆಯ ಬೃಹತ್ ಪ್ರದರ್ಶನ ನಡೆದಾಗ ಮತೀಸ್ ಅದನ್ನು ನೋಡಲೆಂದೇ ಪ್ಯಾರಿಸ್ಸಿನಿಂದ ಹೋದ. ಮುಂದೆ 1912-13ರಲ್ಲಿ ಟ್ಯಾಂಜೀರ್‌ನಲ್ಲಿದ್ದು ಚಿತ್ರ ಬರೆದ. ತನ್ನ ಕಲೆಗೆ ಪೂರ್ವದಿಂದ ಬೆಳಕು ಬಂತೆಂದು ವೃದ್ಧಾಪ್ಯದಲ್ಲಿ ಅವನೇ ಹೇಳಿಕೊಂಡಿದ್ದಾನೆ. ಕೀಳೆಂದು ದೂರವಿಟ್ಟ ‘ಅಲಂಕಾರ’ವೇ ಆಧುನಿಕ ಕಲೆಗೆ ಗುರುವಾಯಿತು.

ಈ ಸಂಭ್ರಮದ ನಡುವೆ ಫರ್ಗ್ಯುಸನ್ 1907ರಲ್ಲಿ ಪ್ಯಾರಿಸ್ಸಿನಲ್ಲಿ ನೆಲೆಸಿದ. ಅಲ್ಲಿ ಅವನು ಬರೆದ ಹೆಂಗಸರ ಮುಖಗಳಲ್ಲಿ ನೆರಳು ಕಂದಾಗಿರದೆ ಹಸಿರೋ ನೇರಳೆಯೋ ಆಗಿರುತ್ತದೆ. 1910ರ ‘ನೀಲಿ ಮಣಿಗಳು’ ಇಂಥ ಚಿತ್ರ. 1911ರಲ್ಲಿ ಲಂಡನ್ನಿನಿಂದ ‘ರಿದಮ್’ ಎಂಬ ಪತ್ರಿಕೆ ಹೊರಟಾಗ ಅದರ ಕಲಾ ಸಂಪಾದಕನಾದ. 1910ರಲ್ಲಿ ಪೆಪ್ಲೊ ಕೂಡ ಹೆಂಡತಿಯೊಂದಿಗೆ ಅಲ್ಲಿಗೆ ಬಂದ.

ಪೆಪ್ಲೊನ ಮೇಜು

ನಾಲ್ವರಲ್ಲಿ ಹೆಚ್ಚು ಮೌನಿ, ಹೆಚ್ಚು ಹಠವಾದಿ ಪೆಪ್ಲೊ. 1905ರ ಸುಮಾರಿಗೆ ಬರೆದ ‘ಕಪ್ಪು ಸೀಸೆ’ಯಂಥ ಚಿತ್ರಗಳು ಅವನಿಗೆ ಎಡಿನ್‌ಬರೋದಲ್ಲಿ ಹೆಸರು ತಂದಿದ್ದವು. ಕಪ್ಪು ಹಿನ್ನೆಲೆ, ಹೊಳೆಯುವ ಬಿಳಿ ಬಟ್ಟೆ, ನುರಿತ ಕೈ. ಅದನ್ನೇ ಬರೆಯುತ್ತ ಕೂತಿದ್ದರೆ ಅವನ ಬದುಕು ಸುಖವಾಗಿ ಸಾಗುತ್ತಿತ್ತು. ಪ್ಯಾರಿಸ್ಸಿನಿಂದ 1912ರಲ್ಲಿ ಹಿಂದಿರುಗಿದಾಗ ಅವನ ಬಳಿ ಇದ್ದ ಚಿತ್ರಗಳೇ ಬೇರೆ. ದಪ್ಪ ಕಪ್ಪು ಅಂಚಿನ ನಡುವೆ ಉರಿಯುವ ಕೆಂಪು, ಹಳದಿ, ನೀಲಿ. ಅವನ ಚಿತ್ರಗಳನ್ನು ಹಿಂದೆ ಪ್ರದರ್ಶಿಸಿದ್ದ ವ್ಯಾಪಾರಿ ಈ ಹೊಸ ಚಿತ್ರಗಳನ್ನು ಒಲ್ಲೆನೆಂದ. ಪೆಪ್ಲೊ ಹಳೆಯ ಶೈಲಿಗೆ ಮರಳಲಿಲ್ಲ, ಬೇರೆ ಕಡೆ ಜಾಗ ಹುಡುಕಿ ಪ್ರದರ್ಶನ ನಡೆಸಿದ. ಮನೆಯಲ್ಲಿ ಎಳೆಯ ಮಗುವಿದ್ದ ಹೊತ್ತಿನಲ್ಲಿ, ಮಾರಾಟವಾಗುವ ಕಲೆಯನ್ನು ಬಿಟ್ಟು ಮಾರಾಟವಾಗದ ಕಲೆಯನ್ನು ಹಿಡಿಯುವುದು ಸಣ್ಣ ತೀರ್ಮಾನವಲ್ಲ.

ಮುಂದಿನ ವರ್ಷಗಳಲ್ಲಿ ಅವನ ಲೋಕವೆಲ್ಲ ಒಂದು ಮೇಜಿನ ಮೇಲೆ ಬಂದು ಕೂತಿತು. ಗುಲಾಬಿ, ಟ್ಯೂಲಿಪ್, ಕಿತ್ತಳೆ, ಚೀನೀ ಹೂದಾನಿ, ಮಡಿಕೆ ಬಿದ್ದ ಬಟ್ಟೆ. ಹೂದಾನಿಯನ್ನು ಒಂದಿಷ್ಟು ಸರಿಸಿದರೆ ಎಲ್ಲ ಬಣ್ಣಗಳ ಸಂಬಂಧವೂ ಬದಲಾಗುತ್ತದೆಂದು ಅವನಿಗೆ ಗೊತ್ತಿತ್ತು. ಕ್ಯಾನ್ವಾಸಿಗೆ ಎಣ್ಣೆ ಹೀರುವ ಬಿಳಿ ಲೇಪ ಬಳಿದು ಬರೆಯುತ್ತಿದ್ದುದರಿಂದ ಬಣ್ಣ ಸುಣ್ಣದ ಗೋಡೆಯಂತೆ ಹೊಳಪಿಲ್ಲದೆ, ಆದರೆ ತುಂಬಿಕೊಂಡು ನಿಲ್ಲುತ್ತಿತ್ತು. ಕ್ಯಾಡೆಲ್ ಕೂಡ ಇದೇ ಲೇಪ ಬಳಸುತ್ತಿದ್ದ. ಎಂದೂ ವಾರ್ನಿಶ್ ಬಳಿಯಕೂಡದೆಂದು ತನ್ನ ಚಿತ್ರಗಳ ಹಿಂಬದಿಯಲ್ಲೇ ಬರೆದಿಡುತ್ತಿದ್ದ. ಮೇಲೆ ಹೊಳಪು ಬಳಿದರೆ ಬಣ್ಣ ಕಪ್ಪೇರುತ್ತದೆಂಬುದು ಅವನ ಆತಂಕ. ಬಣ್ಣವನ್ನೇ ಮೇಲುಲೇಪವೆಂದು ಹಳಿಯುವವರು ಈ ಮಾತನ್ನು ಗಮನಿಸಬೇಕು. ಈ ಚಿತ್ರಕಾರರಿಗೆ ಬಣ್ಣವೇ ಒಡಲು, ವಾರ್ನಿಶ್ ಮಾತ್ರ ಲೇಪ.

ಲೆವೆನ್ ನದಿಯ ಕೆಂಪು

ಹಂಟರನ ಕಥೆಯಲ್ಲಿ ಕಷ್ಟ ಹೆಚ್ಚು. ಬ್ಯೂಟ್ ದ್ವೀಪದಲ್ಲಿ ಹುಟ್ಟಿದ ಇವನು 1892ರಲ್ಲಿ ಕುಟುಂಬದೊಂದಿಗೆ ಕ್ಯಾಲಿಫೋರ್ನಿಯಾಕ್ಕೆ ವಲಸೆ ಹೋದ. ಶಾಲೆಯಲ್ಲಿ ಕಲೆ ಕಲಿತವನಲ್ಲ. ಸ್ಯಾನ್‌ಫ್ರಾನ್ಸಿಸ್ಕೋದಲ್ಲಿ ತನ್ನ ಮೊದಲ ಪ್ರದರ್ಶನಕ್ಕೆ ಸಿದ್ಧನಾಗಿದ್ದಾಗ 1906ರ ಭೂಕಂಪ ಮತ್ತು ಬೆಂಕಿ ಅವನ ಚಿತ್ರಗಳನ್ನೆಲ್ಲ ನಾಶಮಾಡಿತು. ಸ್ಕಾಟ್ಲೆಂಡಿಗೆ ಮರಳಿ ಮತ್ತೆ ಮೊದಲಿನಿಂದ ಶುರು ಮಾಡಿದ. ಗ್ಲಾಸ್ಗೋದ ವ್ಯಾಪಾರಿ ಅಲೆಕ್ಸಾಂಡರ್ ರೀಡ್ ಅವನಿಗೆ ಬೆಂಬಲವಾದ. ಈ ರೀಡ್ ಹಿಂದೆ ಪ್ಯಾರಿಸ್ಸಿನಲ್ಲಿ ವಾನ್ ಗೋ ಸಹೋದರರ ಜೊತೆ ವಾಸವಾಗಿದ್ದವನು. ವಾನ್ ಗೋ 1887ರಲ್ಲಿ ಬರೆದ ಅವನ ಭಾವಚಿತ್ರ ಇಂದಿಗೂ ಗ್ಲಾಸ್ಗೋದಲ್ಲಿದೆ.

ಹಂಟರನ ಶ್ರೇಷ್ಠ ಚಿತ್ರಗಳಲ್ಲಿ ಕೆಲವು ಲೋಮಂಡ್ ಸರೋವರದ ದೋಣಿಮನೆಗಳವು. ಸರೋವರದ ತುದಿಯಲ್ಲಿರುವ ಬ್ಯಾಲಕ್ ಎಂಬಲ್ಲಿ ನೀರಿನ ಮೇಲೆ ಅಲುಗುವ ಕೆಂಪು, ಹಸಿರು, ಹಳದಿ ನೆರಳುಗಳನ್ನು ಅವನು ಬೀಸು ಕುಂಚದಿಂದ ಬರೆದ. ಸರೋವರದ ನೀರು ಲೆವೆನ್ ನದಿಯಾಗಿ ಹರಿದು ಹೋಗುವುದು ಅಲ್ಲಿಂದಲೇ. ಆ ನದಿಯ ದಡದುದ್ದಕ್ಕೂ ಹತ್ತೊಂಬತ್ತನೇ ಶತಮಾನದಲ್ಲಿ ಬಟ್ಟೆಗೆ ಬಣ್ಣ ಹಾಕುವ ದೊಡ್ಡ ಕಾರ್ಖಾನೆಗಳಿದ್ದವು. ಅವು ಹೆಸರಾದದ್ದು ‘ಟರ್ಕಿ ರೆಡ್’ ಎಂಬ ಅಪ್ಪಟ ಕೆಂಪಿನಿಂದ. ಮಂಜಿಷ್ಠದ ಜಾತಿಯ ಬೇರು, ಎಣ್ಣೆ, ಪಟಿಕ ಬಳಸಿ ಹಲವು ಹಂತಗಳಲ್ಲಿ ಏರಿಸುವ, ಒಗೆದರೂ ಬಿಸಿಲಿಗಿಟ್ಟರೂ ಬಿಡದ ಈ ಕೆಂಪಿನ ವಿದ್ಯೆ ಒಟ್ಟೋಮನ್ ಸೀಮೆಯ ಬಣ್ಣಗಾರರದು. 1785ರಲ್ಲಿ ಪಾಪಿಯೋನ್ ಎಂಬ ಫ್ರೆಂಚನ ಮೂಲಕ ಅದು ಗ್ಲಾಸ್ಗೋ ತಲುಪಿತು. ಲೆವೆನ್ ದಡದ ಕೆಂಪು ಬಟ್ಟೆಗೆ ಮುಂದೆ ಭಾರತವೇ ಮುಖ್ಯ ಮಾರುಕಟ್ಟೆಯಾಯಿತು. ಪೂರ್ವದಿಂದ ಕಲಿತ ಬಣ್ಣವನ್ನು ಪೂರ್ವಕ್ಕೇ ಮಾರಿದ ಕಥೆ ಇದು.

ಹಂಟರ್ ದೋಣಿಮನೆಗಳನ್ನು ಬರೆಯುವಾಗ ಈ ಬಟ್ಟೆಯ ಇತಿಹಾಸವನ್ನು ನೆನೆದಿದ್ದನೆಂದು ನಾವು ಹೇಳುತ್ತಿಲ್ಲ. ಆದರೆ ಅವನ ಚಿತ್ರಗಳನ್ನು ಕೊಂಡವರ ಹಣ ಎಲ್ಲಿಂದ ಬಂತೆಂದು ನೋಡಿದರೆ ಇವೆರಡೂ ಒಂದೇ ಲೋಕದವು ಎಂಬುದು ತಿಳಿಯುತ್ತದೆ. ಹಂಟರ್ ಮತ್ತು ಪೆಪ್ಲೊರನ್ನು ಪೋಷಿಸಿದ ವಿಲಿಯಂ ಮೆಕಿನ್ನೆಸ್ ಹಡಗು ಉದ್ಯಮಿ. ಕ್ಯಾಡೆಲನ ದ್ವೀಪದ ಚಿತ್ರಗಳನ್ನು ಕೊಂಡ ಜಾರ್ಜ್ ಸರ್ವಿಸ್ ಕೂಡ ಹಡಗು ಮಾಲೀಕ. ವಸಾಹತುಗಳ ವ್ಯಾಪಾರದಲ್ಲಿ ಬೆಳೆದ ಗ್ಲಾಸ್ಗೋ ನಗರವೇ ಈ ದಿಟ್ಟ ಬಣ್ಣಗಳಿಗೆ ಆಶ್ರಯ ಕೊಟ್ಟಿತು.

ಯುದ್ಧ ಮತ್ತು ದ್ವೀಪ

ಮೊದಲ ಮಹಾಯುದ್ಧ ಈ ನಾಲ್ವರ ಬದುಕನ್ನೂ ಕಲಕಿತು. ಪೆಪ್ಲೊ ಸೇನೆ ಸೇರಲು ಹೋಗಿ ಆರೋಗ್ಯದ ಕಾರಣಕ್ಕೆ ತಿರಸ್ಕೃತನಾದ. ಫರ್ಗ್ಯುಸನ್ 1918ರಲ್ಲಿ ಪೋರ್ಟ್ಸ್‌ಮತ್ ಹಡಗುಕಟ್ಟೆಯ ಚಿತ್ರಗಳನ್ನು ಬರೆದ. ಕ್ಯಾಡೆಲ್ ಸಾಮಾನ್ಯ ಸಿಪಾಯಿಯಾಗಿ ಕಂದಕಗಳಿಗೆ ಇಳಿದ. ಹಿಂದಿರುಗಿದ ನಂತರ ಅವನ ಚಿತ್ರಗಳು ಬದಲಾದವು. ಮೊದಲಿನ ತೇಲುವ ಬಿಳಿ, ಬೂದುಗಳು ಹೋಗಿ ಕತ್ತರಿಸಿ ಅಂಟಿಸಿದಂಥ ಸಮತಟ್ಟು ಬಣ್ಣಗಳು ಬಂದವು. ಎಡಿನ್‌ಬರೋದ ತನ್ನ ಮನೆಯ ಗೋಡೆಗೆ ತಿಳಿ ನೇರಳೆ ಬಳಿದು, ಅದರ ಮುಂದೆ ಕೆಂಪು ಕುರ್ಚಿಯನ್ನೂ ಕಪ್ಪು ಟೋಪಿಯ ಹೆಂಗಸನ್ನೂ ಕೂರಿಸಿದ. ‘ಕಿತ್ತಳೆ ಪರದೆ’ ಎಂಬ ಚಿತ್ರದಲ್ಲಿ ಕೋಣೆಯ ಹಿಂಬದಿಯಲ್ಲಿ ಇಳಿಬಿಟ್ಟ ಒಂದೇ ಪರದೆ ಇಡೀ ಚಿತ್ರವನ್ನು ಬೆಳಗುತ್ತದೆ.

ಕ್ಯಾಡೆಲ್ 1912ರಿಂದಲೇ ಅಯೋನಾ ದ್ವೀಪಕ್ಕೆ ಹೋಗುತ್ತಿದ್ದ. 1920ರಲ್ಲಿ ಪೆಪ್ಲೊನನ್ನೂ ಕರೆದೊಯ್ದ. ಕ್ರಿ.ಶ. 563ರಲ್ಲಿ ಸಂತ ಕೊಲಂಬಾ ಮಠ ಕಟ್ಟಿದ ಪುಟ್ಟ ದ್ವೀಪವಿದು. ಬಣ್ಣದ ಅಲಂಕಾರಕ್ಕೆ ಲೋಕಪ್ರಸಿದ್ಧವಾದ ಕೆಲ್ಸ್ ಗ್ರಂಥ ಸುಮಾರು 800ರಲ್ಲಿ ಸಿದ್ಧವಾದದ್ದು, ಅಥವಾ ಆರಂಭವಾದದ್ದು, ಇಲ್ಲೇ ಎಂಬುದು ಹಲವು ವಿದ್ವಾಂಸರ ಅಭಿಪ್ರಾಯ. ಬಿಳಿ ಮರಳು, ಅದರಾಚೆ ಪಚ್ಚೆಯಂತೆ ತಿಳಿಯಾದ ನೀರು, ನೀರಿನಾಚೆ ಮುಲ್ ದ್ವೀಪದ ನಸುಗೆಂಪು ಬಂಡೆ, ನೀಲಿ ಬೆಟ್ಟ. ಮಳೆ ನಿಂತ ಅರೆಗಳಿಗೆಯಲ್ಲಿ ಈ ಎಲ್ಲ ಬಣ್ಣಗಳೂ ಹೊತ್ತಿಕೊಳ್ಳುತ್ತವೆ. ಈ ಬೆಳಕು ಅಲ್ಲಿ ಮೊದಲಿನಿಂದಲೂ ಇತ್ತು. ಅದನ್ನು ಕಾಣಲು ಕೈರೋ, ಟ್ಯಾಂಜೀರ್, ಪ್ಯಾರಿಸ್, ಕಾಸಿಗಳನ್ನು ಸುತ್ತಿಬಂದ ಕಣ್ಣು ಬೇಕಾಯಿತು. ಪರದೇಶ ಇವರಿಗೆ ಸ್ವದೇಶವನ್ನು ತೋರಿಸಿಕೊಟ್ಟಿತು ಎನ್ನಬಹುದು.

ಬೆಲೆ ಕಟ್ಟಿದ್ದು ಯಾವಾಗ?

ಇವರು ಎಂದೂ ಸಂಘ ಕಟ್ಟಿದವರಲ್ಲ, ಪ್ರಣಾಳಿಕೆ ಹೊರಡಿಸಿದವರಲ್ಲ. ನಾಲ್ವರ ಚಿತ್ರಗಳೂ ಒಟ್ಟಿಗೆ ಪ್ರದರ್ಶನಗೊಂಡದ್ದೇ ಬೆರಳೆಣಿಕೆಯಷ್ಟು ಸಲ. 1924 ಮತ್ತು 1931ರಲ್ಲಿ ಪ್ಯಾರಿಸ್ಸಿನಲ್ಲಿ ನಡೆದ ಪ್ರದರ್ಶನಗಳಿಂದ ಫ್ರೆಂಚ್ ಸರಕಾರ ಕೆಲವು ಚಿತ್ರಗಳನ್ನು ಕೊಂಡಿತು. ಆದರೆ ಆರ್ಥಿಕ ಕುಸಿತದ ಆ ದಿನಗಳಲ್ಲಿ ಕೊಳ್ಳುವವರು ಕರಗಿಹೋದರು. ಹಂಟರ್ ಮಾನಸಿಕವಾಗಿ ಜರ್ಜರಿತನಾಗಿ 1931ರಲ್ಲಿ 54ನೇ ವಯಸ್ಸಿನಲ್ಲಿ ತೀರಿಕೊಂಡ. ಕ್ಯಾಡೆಲ್ ಕಷ್ಟದಲ್ಲಿರುವ ಕಲಾವಿದರ ನಿಧಿಗೆ ಅರ್ಜಿ ಹಾಕುವ ಸ್ಥಿತಿಗೆ ಬಂದು 1937ರಲ್ಲಿ ಬಡವನಾಗಿ ಸತ್ತ. ವೈದ್ಯನಾಗಿದ್ದು ಕಲಾ ವ್ಯಾಪಾರಕ್ಕೆ ಬಂದ ಹನಿಮನ್ 1950ರಲ್ಲಿ ಬರೆದ ಪುಸ್ತಕದಲ್ಲಿ ತೀರಿಹೋದ ಮೂವರನ್ನು ‘ಕಲರಿಸ್ಟರು’ ಎಂದು ಕರೆದ. ಆಗ ಬದುಕಿದ್ದ ಫರ್ಗ್ಯುಸನ್ ಈ ಪಟ್ಟಿಗೆ ಸೇರಿದ್ದು ಆಮೇಲೆ. 2011ರಲ್ಲಿ ಪೆಪ್ಲೊನ ಒಂದು ಚಿತ್ರ ಹರಾಜಿನಲ್ಲಿ ಒಂಬತ್ತು ಲಕ್ಷ ಪೌಂಡಿಗೂ ಹೆಚ್ಚಿಗೆ ಹೋಯಿತು.

ಲಕ್ಷಾಂತರ ಜನ ಸತ್ತ ಯುದ್ಧದ ಮರುವರ್ಷಗಳಲ್ಲಿ ಗುಲಾಬಿ ಬರೆಯುತ್ತ ಕೂತವರನ್ನು ಪಲಾಯನವಾದಿಗಳೆಂದು ದೂರಿದವರಿದ್ದಾರೆ. ದೂರಿನಲ್ಲಿ ಸ್ವಲ್ಪ ಸತ್ಯವಿದೆ. ಗ್ಲಾಸ್ಗೋದ ಕೊಳೆಗೇರಿ, ಹಡಗುಕಟ್ಟೆಯ ನಿರುದ್ಯೋಗಿಗಳು ಇವರ ಕ್ಯಾನ್ವಾಸಿನಲ್ಲಿ ಸಿಗುವುದಿಲ್ಲ. ಆದರೆ ಕಂದಕದ ಕೆಸರಿನಿಂದ ಎದ್ದುಬಂದ ಕ್ಯಾಡೆಲನಿಗೆ ಒಂದು ಕಿತ್ತಳೆ ಪರದೆ ಬರೀ ಅಲಂಕಾರವಾಗಿತ್ತೆಂದು ಹೇಳಲು ನಮಗೆ ಮನಸ್ಸು ಬರುವುದಿಲ್ಲ.

ಫರ್ಗ್ಯುಸನ್ 1943ರಲ್ಲಿ ಆಧುನಿಕ ಸ್ಕಾಟಿಶ್ ಚಿತ್ರಕಲೆಯ ಬಗ್ಗೆ ಪುಸ್ತಕ ಬರೆದು, ತನ್ನ ನಾಡಿನ ಕಲೆ ಅಕಾಡೆಮಿ ಮತ್ತು ಕ್ಯಾಲ್ವಿನ್ ಪಂಥದ ಹಿಡಿತದಿಂದ ಬಿಡಿಸಿಕೊಂಡು ಸ್ವತಂತ್ರವಾಗಬೇಕೆಂದ. ಅವನ ಸ್ವಾತಂತ್ರ್ಯದ ಹಂಬಲ ನಿಜವಾದದ್ದು. ಆದರೆ ಯಾವ ಬಣ್ಣವನ್ನು ಅವನು ಸ್ಕಾಟ್ಲೆಂಡಿನ ಚಹರೆಯೆಂದು ಎತ್ತಿ ಹಿಡಿದನೋ ಅದು ಮೊರಾಕ್ಕೋದ ಗೋಡೆ, ಕೈರೋದ ಬಜಾರು, ಪ್ಯಾರಿಸ್ಸಿನ ಬೀದಿಗಳನ್ನು ಹಾದು ಬಂದದ್ದು. ಇದರಿಂದ ಅದು ಸ್ಕಾಟ್ಲೆಂಡಿನದು ಅಲ್ಲವೆಂದಾಗುವುದಿಲ್ಲ. ಸಂಸ್ಕೃತಿಗಳು ಬೆಳೆಯುವುದೇ ಇಂಥ ಕೊಳುಕೊಡೆಯಲ್ಲಿ. ಬೇಕಾದದ್ದು ಪಡೆದದ್ದರ ಲೆಕ್ಕವನ್ನು ಪ್ರಾಮಾಣಿಕವಾಗಿ ಒಪ್ಪಿಕೊಳ್ಳುವ ಗುಣ.

ಗ್ಲಾಸ್ಗೋ ನಗರದ ಕೆಲ್ವಿನ್‌ಗ್ರೋವ್ ಸಂಗ್ರಹಾಲಯದ ಬಳಿ ಕ್ಯಾಡೆಲನ ‘ಕಿತ್ತಳೆ ಪರದೆ’ ಇದೆ. ಹಡಗು ವ್ಯಾಪಾರಿ ವಿಲಿಯಂ ಬರ‍್ರೆಲ್ ಅದೇ ನಗರಕ್ಕೆ 1944ರಲ್ಲಿ ದಾನ ಕೊಟ್ಟ ಸಂಗ್ರಹದಲ್ಲಿ ಹದಿನೇಳನೇ ಶತಮಾನದ ಒಂದು ಪರ್ಷಿಯನ್ ರತ್ನಗಂಬಳಿ ಇದೆ. ಅದರ ತುಂಬ ಕಾಲುವೆ, ಮೀನು, ಹಕ್ಕಿ, ಮರಗಳಿರುವ ತೋಟ. ಚಿತ್ರದ ಕೆಳಗೆ ಕ್ಯಾಡೆಲನ ಹೆಸರಿದೆ. ಗಂಬಳಿ ನೇಯ್ದವರ ಹೆಸರು ಯಾರಿಗೂ ಗೊತ್ತಿಲ್ಲ. ಕೆಂಪಿನ ಪಕ್ಕ ಹಸಿರು, ನೀಲಿಯ ಪಕ್ಕ ಹಳದಿ ಇಡುವ ವಿದ್ಯೆಯಲ್ಲಿ ಇಬ್ಬರೂ ಒಂದೇ ಮನೆಯವರು.